ಅಂಗಡಿಯವನ ಜಾಹೀರಾತು

ಎರಡನೇ ಮಹಾಯುದ್ಧ ಮುಗಿದ ಮೇಲೆ ಫ್ರಾನ್ಸಿನಲ್ಲಿ ಯಾರನ್ನು ಕೇಳಿದರೂ ನಾಜಿಗಳ ವಿರುದ್ಧ ಹೋರಾಡಿದವರೇ! ಆ ನಂಬಿಕೆಯ ಬುಡ ಅಲುಗಿಸಿದ್ದು ಮಾರ್ಸೆಲ್ ಒಫುಲ್ಸ್ 1969ರಲ್ಲಿ ಮಾಡಿದ, ನಾಲ್ಕು ಗಂಟೆಗೂ ಮೀರಿದ ಸಾಕ್ಷ್ಯಚಿತ್ರ 'ದಿ ಸಾರೋ ಅಂಡ್ ದಿ ಪಿಟಿ'. ಕ್ಲೆರ್ಮೋಂ-ಫೆರಾಂ ಎಂಬ ಒಂದೇ ಊರು, ಹೆಚ್ಚಾಗಿ ಮಾಮೂಲಿ ಜನ. ಅಂಗಡಿಯವನೊಬ್ಬ ಯುದ್ಧದ ಕಾಲದಲ್ಲಿ ಪೇಪರಿನಲ್ಲಿ ತಾನು ಯಹೂದಿಯಲ್ಲ ಅಂತ ಜಾಹೀರಾತು ಕೊಟ್ಟಿದ್ದ. ಒಫುಲ್ಸ್ ಬೈಯುವುದಿಲ್ಲ, ಅದರ ಬಗ್ಗೆ ಕೇಳುತ್ತಾರೆ, ಅಷ್ಟೇ. ಆತ ತಡವರಿಸುತ್ತಾನೆ, ಕ್ಯಾಮೆರಾ ಓಡುತ್ತಲೇ ಇರುತ್ತದೆ. ಬೇಗ ಕಟ್ ಹೇಳಿದ್ದರೆ ಆ ಮುಜುಗರ ಎಲ್ಲಿ ಸಿಗುತ್ತಿತ್ತು? ಮಾತಿನ ಪಕ್ಕದಲ್ಲೇ ಆ ಕಾಲದ ನ್ಯೂಸ್‌ರೀಲ್ (ಸುದ್ದಿಚಿತ್ರ) ಜೋಡಿಸಿದರೆ ನಿರೂಪಕರ ಟೀಕೆಯೂ ಬೇಕಿಲ್ಲ. ಟಿವಿಗೆಂದೇ ಮಾಡಿದ ಚಿತ್ರ. 1971ರಲ್ಲಿ ಪ್ಯಾರಿಸ್ಸಿನ ಥಿಯೇಟರಿಗೆ ಬಂತು, ಫ್ರೆಂಚ್ ಟಿವಿಗೆ ಬರಲು ಮಾತ್ರ 1981 ಆಯಿತು.