ಲಾವ್ ಕಾರ್-ಲಿಯಂಗ್ ಸಿನಿಮಾಗಳಲ್ಲಿ ಕಲಿಕೆಯೇ ಕಥೆ

ಕುಂಗ್‌ಫು ಸಿನಿಮಾ ಅಂದರೆ ಬ್ರೂಸ್ ಲೀ, ಜಾಕಿ ಚಾನ್ ಹೆಸರು ಎಲ್ಲರಿಗೂ ಗೊತ್ತು. ಹಾಂಗ್‌ಕಾಂಗ್ ನಿರ್ದೇಶಕ ಲಾವ್ ಕಾರ್-ಲಿಯಂಗ್ ಹೆಸರು ಗೊತ್ತಿರುವವರು ಕಡಿಮೆ. ನನಗೆ ಇದು ನಿಜಕ್ಕೂ ಬೇಜಾರಿನ ವಿಷಯ, ಯಾಕಂದರೆ ಈ ವಿದ್ಯೆಯನ್ನು ಇಷ್ಟು ಒಳಗಿನಿಂದ ಬಲ್ಲ ನಿರ್ದೇಶಕ ಇನ್ನೊಬ್ಬರು ನನಗೆ ಕಾಣುವುದಿಲ್ಲ.

ಇವರ ಅಪ್ಪ ಲಾವ್ ಚಾಮ್, ಲಾಮ್ ಸಾಯ್-ವಿಂಗ್ ಅವರ ಶಿಷ್ಯ. ಆ ಲಾಮ್ ಸಾಯ್-ವಿಂಗ್, ಚೀನಾದ ಹೆಸರಾಂತ ಕುಂಗ್‌ಫು ಗುರು ವಾಂಗ್ ಫೇ-ಹಂಗ್ ಅವರ ಶಿಷ್ಯ. ಹಾಗಾಗಿ ಆ ಪರಂಪರೆಯ ಹಂಗ್ ಗಾರ್ ಎಂಬ ಕುಂಗ್‌ಫು ಶೈಲಿ ಇವರಿಗೆ ಮನೆಯಲ್ಲೇ ಸಿಕ್ಕಿತು. ಹಾಂಗ್‌ಕಾಂಗ್‌ನ ಕಪ್ಪು-ಬಿಳುಪು ಸಿನಿಮಾಗಳಲ್ಲಿ ಸಣ್ಣಪುಟ್ಟ ಪಾತ್ರ ಮಾಡಿದರು. ಆಮೇಲೆ ಶಾ ಬ್ರದರ್ಸ್ ಸ್ಟುಡಿಯೋದಲ್ಲಿ ಇನ್ನೊಬ್ಬ ಫೈಟ್ ಮಾಸ್ಟರ್ ತಾಂಗ್ ಗಾಯ್ ಜೊತೆ ಸೇರಿ ಚಾಂಗ್ ಚೆ ನಿರ್ದೇಶನದ ಸಿನಿಮಾಗಳಿಗೆ ವರ್ಷಗಟ್ಟಲೆ ಫೈಟ್ ಮಾಸ್ಟರ್ ಆಗಿ ದುಡಿದು, 1975ರಲ್ಲಿ ತಾವೇ ನಿರ್ದೇಶಕರಾದರು.

ಚಾಂಗ್ ಚೆ ಸಿನಿಮಾಗಳಲ್ಲಿ ರಕ್ತ ಹರಿಯುತ್ತದೆ, ನಾಯಕ ಎಷ್ಟೋ ಸಲ ಸಾಯುತ್ತಾನೆ. ಲಾವ್ ಅವರಿಗೆ ಬೇಕಾಗಿದ್ದೇ ಬೇರೆ. 1978ರ 'ದಿ 36ತ್ ಚೇಂಬರ್ ಆಫ್ ಶಾವೊಲಿನ್' ತಗೊಳ್ಳಿ. ಸೇಡಿನ ಕಥೆಯಾಗಿ ಶುರುವಾಗುತ್ತದೆ, ನಿಜ. ಆದರೆ ಸಿನಿಮಾದ ನಡುಭಾಗ ಪೂರ್ತಿ ಶಾವೊಲಿನ್ ಮಠದ ಒಂದೊಂದೇ ಕೋಣೆಯಲ್ಲಿ ಬರೀ ತಾಲೀಮು! ನಾಯಕ ಗಾರ್ಡನ್ ಲಿಯು ಕೈ ಚಾಚಿ ನೀರಿನ ಬಕೆಟ್ ಹೊರುತ್ತಾನೆ, ತೋಳು ಇಳಿಸಿದರೆ ಕಟ್ಟಿರುವ ಕತ್ತಿ ಪಕ್ಕೆಗೆ ಚುಚ್ಚುತ್ತದೆ. ಊಟದ ಮನೆಗೆ ಹೋಗಬೇಕಾದರೂ ನೀರಲ್ಲಿ ತೇಲುವ ಮರದ ದಿಮ್ಮಿಗಳನ್ನು ದಾಟಬೇಕು. ಬೀಳುತ್ತಾನೆ, ಮತ್ತೆ ಬೀಳುತ್ತಾನೆ. ಬೇರೆಯವರು ಹಾಡಿನ ಹಿಂದೆ ಎರಡು ನಿಮಿಷದಲ್ಲಿ ಮುಗಿಸುವುದನ್ನು ಇವರು ನಿಧಾನವಾಗಿ ತೋರಿಸುತ್ತಾರೆ, ನಮಗೆ ಒಂದು ಕ್ಷಣವೂ ಬೋರ್ ಆಗುವುದಿಲ್ಲ, ಯಾಕಂದರೆ ಪ್ರತಿ ಕೋಣೆಯಲ್ಲೂ ಆ ಹುಡುಗನ ಮೈ ಏನು ಕಲಿಯಿತು ಅಂತ ಕಣ್ಣಿಗೆ ಕಾಣುತ್ತದೆ.

ಅದೇ ವರ್ಷದ 'ಹೀರೋಸ್ ಆಫ್ ದಿ ಈಸ್ಟ್' ನನಗೆ ಇನ್ನೂ ಜಾಸ್ತಿ ಇಷ್ಟ. ಚೀನಾದ ಗಂಡ, ಜಪಾನಿನ ಹೆಂಡತಿ, ಯಾರ ವಿದ್ಯೆ ದೊಡ್ಡದು ಅಂತ ಜಗಳ. ಜಪಾನಿನಿಂದ ಪಳಗಿದ ಗುರುಗಳು ಬಂದು ಒಬ್ಬೊಬ್ಬರಾಗಿ ಸವಾಲು ಹಾಕುತ್ತಾರೆ. ಕೊನೆತನಕ ಒಬ್ಬರೂ ಸಾಯುವುದಿಲ್ಲ. ಆಗಿನ ಹಾಂಗ್‌ಕಾಂಗ್ ಸಿನಿಮಾಗಳಲ್ಲಿ ಜಪಾನಿನವರು ಅಂದರೆ ಸಾಮಾನ್ಯವಾಗಿ ವಿಲನ್‌ಗಳೇ. ಇಲ್ಲಿ ಅವರ ವಿದ್ಯೆಗೂ ಮರ್ಯಾದೆ ಇದೆ. ಕ್ಯಾಮೆರಾ ದೂರ ನಿಂತು ತಲೆಯಿಂದ ಕಾಲಿನವರೆಗೆ ತೋರಿಸುವುದರಿಂದ ಯಾವ ವರಸೆಗೆ ಯಾವ ಉತ್ತರ ಬಂತು ಅಂತ ಸ್ಪಷ್ಟವಾಗಿ ಗೊತ್ತಾಗುತ್ತದೆ.

ಹೆಣ್ಣುಮಕ್ಕಳಿಗೂ ಅಷ್ಟೇ ಗಟ್ಟಿ ಪಾತ್ರ ಕೊಟ್ಟರು. 1981ರ 'ಮೈ ಯಂಗ್ ಆಂಟಿ'ಗಾಗಿ ಕಾರಾ ಹುಯಿ ಅವರಿಗೆ ಮೊದಲ ಹಾಂಗ್‌ಕಾಂಗ್ ಫಿಲ್ಮ್ ಅವಾರ್ಡ್ಸ್‌ನಲ್ಲಿ ಉತ್ತಮ ನಟಿ ಪ್ರಶಸ್ತಿ ಬಂತು.

1983ರಲ್ಲಿ 'ದಿ ಏಟ್ ಡಯಾಗ್ರಮ್ ಪೋಲ್ ಫೈಟರ್' ಚಿತ್ರೀಕರಣ ನಡೆಯುತ್ತಿದ್ದಾಗಲೇ ನಟ ಅಲೆಕ್ಸಾಂಡರ್ ಫು ಶೆಂಗ್ ಕಾರು ಅಪಘಾತದಲ್ಲಿ ತೀರಿಕೊಂಡರು. ಕಥೆಯನ್ನು ಬದಲಿಸಬೇಕಾಯಿತು. ಅದು ಅವರ ಅತ್ಯಂತ ಕಟುವಾದ ಸಿನಿಮಾ. ಶವಪೆಟ್ಟಿಗೆಗಳ ನಡುವೆ ನಡೆಯುವ ಕೊನೆಯ ಕಾಳಗದಲ್ಲಿ ಬೇರೆಡೆ ಕಾಣುವ ಆ ತಾಳ್ಮೆ ಇಲ್ಲ, ಬರೀ ಸಿಟ್ಟು ಮತ್ತು ದುಃಖ.

1994ರ 'ಡ್ರಂಕನ್ ಮಾಸ್ಟರ್ 2' ನಿರ್ದೇಶಿಸುವಾಗ ನಾಯಕ ಜಾಕಿ ಚಾನ್ ಜೊತೆ ಅಭಿಪ್ರಾಯ ಹೊಂದಿಕೆಯಾಗಲಿಲ್ಲ, ಚಿತ್ರ ಮುಗಿಯುವ ಮೊದಲೇ ಹೊರಬಂದರು. ಕೊನೆಯ ಫೈಟ್ ಚಾನ್ ತಾವೇ ನಿರ್ದೇಶಿಸಿದ್ದು, ಅದ್ಭುತವಾಗಿಯೇ ಇದೆ. ಆದರೂ ಶುರುವಿನಲ್ಲಿ ರೈಲಿನ ಕೆಳಗೆ ಲಾವ್ ತಾವೇ ಈಟಿ ಹಿಡಿದು ಚಾನ್ ಜೊತೆ ಸೆಣಸುವ ದೃಶ್ಯ ಬಿಡಬೇಡಿ. ಆಗ ಅವರಿಗೆ ಐವತ್ತು ದಾಟಿತ್ತು.

ಹೊಸದಾಗಿ ನೋಡುವವರು 'ಹೀರೋಸ್ ಆಫ್ ದಿ ಈಸ್ಟ್'ನಿಂದಲೇ ಶುರು ಮಾಡಿ.