ಉಗುರಲ್ಲೂ ಗೀಚಬೇಡಿ ಅಂದ ಸ್ಟೀಫನ್

ಬೇಲೂರಲ್ಲಿ ವಿಷ್ಣುವರ್ಧನ ಚೆನ್ನಕೇಶವನ ಪ್ರತಿಷ್ಠೆ ಮಾಡಿಸಿದ್ದು 1117ರಲ್ಲಿ, ನಮ್ ಹಾಸನದ ಕಡೆ ಸ್ಕೂಲ್ ಮಕ್ಕಳಿಗೂ ಗೊತ್ತಿರೋ ವಿಷ್ಯ. ಅದಕ್ಕೆ ಎಂಟು ವರ್ಷ ಮುಂಚೆ ಫ್ರಾನ್ಸಿನ ಬರ್ಗಂಡಿ ಸೀಮೆಲಿ, ಸಿಟೋ ಅನ್ನೋ ಬಡ ಮಠದಲ್ಲಿ, ಒಬ್ರು ಗುರುಗಳು ಆಗತಾನೆ ಬರೆಸಿ ಮುಗಿಸಿದ್ದ ಬೈಬಲ್ಲನ್ನ ಮುಂದಿಟ್ಕೊಂಡು ಚಾಕು ತಗೊಂಡು ಸಾಲು ಸಾಲೇ ಕೆರೆಸಿ ಹಾಕಿದ್ರು. ಮಧ್ಯಯುಗದ ಯುರೋಪಿನ ಧರ್ಮ ಸುಧಾರಣೆ ಬಗ್ಗೆ ಓದುವಾಗ ನಂಗೆ ಎಲ್ಲಕ್ಕಿಂತ ಜಾಸ್ತಿ ಹಿಡಿಸಿದ್ದು ಇದೇ.

ಸಿಟೋ ಶುರುವಾಗಿದ್ದು 1098ರಲ್ಲಿ. ಕ್ಲೂನಿ ಥರದ ಮಠಗಳು ಆಗ ಜಮೀನು, ಬಂಗಾರ, ಗಂಟೆಗಟ್ಟಲೆ ಪೂಜೆ ಅಂತ ಬೆಳ್ಕೊಂಡ್ಬಿಟ್ಟಿದ್ವು, ಸನ್ಯಾಸಿಗಳಿಗೆ ಅಂತ ಸಂತ ಬೆನೆಡಿಕ್ಟ್ ಬರೆದಿಟ್ಟ ನಿಯಮದಲ್ಲಿ ಹೆಂಗಿದ್ಯೋ ಹಂಗೇ ಬದುಕ್ಬೇಕು, ನಾವೇ ಕೈಯಾರೆ ದುಡಿದು ತಿನ್ಬೇಕು ಅಂತ ಒಂದಷ್ಟು ಸನ್ಯಾಸಿಗಳು ಮೊಲೆಮ್ ಅನ್ನೋ ಮಠ ಬಿಟ್ಟು ಬಂದು ಕಟ್ಟಿದ್ದು ಇದು. ಇದರ ಮೂರನೇ ಗುರು ಇಂಗ್ಲೆಂಡಿನ ಸ್ಟೀಫನ್ ಹಾರ್ಡಿಂಗ್.

ಸ್ಟೀಫನ್ ಹಲವು ಕಡೆಯಿಂದ ಬೈಬಲ್ ಪ್ರತಿ ತರಿಸಿ ನೋಡ್ತಾರೆ, ಒಂದು ಪ್ರತಿಲಿ ಉಳಿದವಕ್ಕಿಂತ ತುಂಬಾ ಜಾಸ್ತಿ ಸಾಲುಗಳಿವೆ. ಅದೇ ಪೂರ್ತಿ ಇರಬೇಕು ಅಂತ ಅದನ್ನೇ ಕಾಪಿ ಮಾಡಿಸಿದ್ರು, ಆದ್ರೆ ಮನಸ್ಸಿಗೆ ಸಮಾಧಾನ ಇಲ್ಲ. ಬೈಬಲ್ಲಿನ ಮೊದಲ ಭಾಗ, ಹಳೇ ಒಡಂಬಡಿಕೆಯ ಮೂಲ ಇರೋದು ಹೀಬ್ರೂಲಿ, ಅದನ್ನ ಓದೋರು ಯಹೂದಿಗಳು, ಸರಿ, ಅವರನ್ನೇ ಹುಡುಕ್ಕೊಂಡು ಹೋದ್ರು. ಅನುಮಾನ ಇದ್ದ ಜಾಗನೆಲ್ಲ ಆಡುಭಾಷೆಲೇ ಕೇಳಿದ್ರು, ಅವರು ತಮ್ಮ ಪುಸ್ತಕಗಳನ್ನ ಇವರ ಮುಂದೆನೇ ಬಿಚ್ಚಿ ಓದಿ ಹೇಳಿದ್ರು. ಅದರಲ್ಲಿ ಇಲ್ಲದ ಸಾಲುಗಳನ್ನೆಲ್ಲ ಕೆರೆದು ತೆಗೆಸಿದ್ರು, ಬೈಬಲ್ಲಿನ ಅರಸುಗಳು ಅನ್ನೋ ಪುಸ್ತಕಗಳಲ್ಲಂತೂ ಬಹಳ. ಇಲ್ಲಿ ಒಂದು ನೆನಪಿಟ್ಕೊಳಿ, ಅದಕ್ಕೆ ಬರೀ 13 ವರ್ಷ ಮುಂಚೆ, 1096ರಲ್ಲಿ, ಕ್ರುಸೇಡ್ ಅಂತ ಜೆರುಸಲೇಮ್ ಕಡೆ ಧರ್ಮಯುದ್ಧಕ್ಕೆ ಹೊರಟ ಗುಂಪುಗಳು ರೈನ್ ನದಿ ತೀರದ ಊರುಗಳಲ್ಲಿ ಯಹೂದಿಗಳನ್ನ ಕೊಚ್ಚಿ ಹಾಕಿದ್ವು. ಅಂಥ ಕಾಲದಲ್ಲಿ ಒಬ್ಬ ಕ್ರೈಸ್ತ ಮಠಾಧಿಪತಿ ಅವರ ಹತ್ರ ಹೋಗಿ ನಿಮ್ಮಲ್ಲಿ ಹೆಂಗಿದೆ ಹೇಳಿ ಅಂತ ಕೇಳಿದ್ದು, ಕೇಳಿದ್ದನ್ನ ಮುಚ್ಚಿಡದೆ ಅದೇ ಬೈಬಲ್ಲಲ್ಲಿ 1109ರ ತಾರೀಕು ಹಾಕಿ ಬರೆದಿಟ್ಟಿದ್ದು ಸಣ್ಣ ಮಾತಲ್ಲ.

ಆ ಟಿಪ್ಪಣಿಯ ಕೊನೆಲಿ ಒಂದು ಅಪ್ಪಣೆ ಇದೆ. ತುಂಬಾ ಕಷ್ಟಪಟ್ಟು ಸಿದ್ಧ ಮಾಡಿದ ಪುಸ್ತಕ ಇದು, ಯಾರೂ ಒರಟಾಗಿ ಮುಟ್ಟಬೇಡಿ, ಸಾಲಲ್ಲಾಗ್ಲಿ ಅಂಚಲ್ಲಾಗ್ಲಿ ಉಗುರಿಂದ ಗುರುತು ಕೂಡ ಮಾಡಬೇಡಿ ಅಂತ. ಓದಿದ ತಕ್ಷಣ ನೆನಪಾಗಿದ್ದು ನಮ್ಮ ಲಿಪಿಕಾರರು ಕಟ್ಟಿನ ಕೊನೆಲಿ ಬರೀತಿದ್ದ ಸಾಲು, "ಕಷ್ಟೇನ ಲಿಖಿತಂ ಗ್ರಂಥಂ ಯತ್ನೇನ ಪರಿಪಾಲಯೇತ್", ಕಷ್ಟಪಟ್ಟು ಬರೆದ ಗ್ರಂಥ, ಜೋಪಾನವಾಗಿ ಕಾಪಾಡಿ ಅಂತ. ಎಲ್ಲಿಯ ಬರ್ಗಂಡಿ ಎಲ್ಲಿಯ ಬೆಳಗೊಳ, ಬೆನ್ನು ಬಗ್ಗಿಸಿ ಬರೆದೋರ ಸಂಕಟ ಮಾತ್ರ ಒಂದೇ. ಒಂದು ವ್ಯತ್ಯಾಸ ಅಂದ್ರೆ ಅವರದ್ದು ಕರುವಿನ ಚರ್ಮ, ಶಾಯಿ ಮೇಲೆ ಕೂತಿರುತ್ತೆ, ಕೆರೆದ್ರೆ ಹೋಗುತ್ತೆ. ನಮ್ಮ ತಾಳೆಗರಿಲಿ ಕಂಠ ಅನ್ನೋ ಮೊನಚು ಕಡ್ಡಿಯಿಂದ ಕೊರೆದು ಮಸಿ ತುಂಬಿದ ಮೇಲೆ ಅಕ್ಷರ ಅಳಿಸೋ ಮಾತೇ ಇಲ್ಲ, ಹೊಡೆದುಹಾಕಿ ಪಕ್ಕದಲ್ಲಿ ಬರೀಬೇಕು ಅಷ್ಟೇ.

ಸ್ಟೀಫನ್ ಕಾಲದ ಸಿಟೋ ಪುಸ್ತಕಗಳಲ್ಲಿ ಚಿತ್ರಾನೂ ಇದಾವೆ. 1111ರ ಆಸುಪಾಸಿನ ಒಂದು ಗ್ರಂಥದಲ್ಲಿ ದೊಡ್ಡಕ್ಷರಗಳ ಒಳಗೇ ಸನ್ಯಾಸಿಗಳು ಮರ ಕಡೀತಿದ್ದಾರೆ, ದಿಮ್ಮಿ ಸೀಳ್ತಿದ್ದಾರೆ, ಪೈರು ಕೊಯ್ತಿದ್ದಾರೆ. ದುಡಿದು ತಿನ್ಬೇಕು ಅಂದಿದ್ದನ್ನ ಪುಟದ ಮೇಲೇ ಬರೆದಿಟ್ಟಿದ್ದಾರೆ. ಆಮೇಲೆ ಸಿಟೋಗೆ ಬಂದು ಸನ್ಯಾಸಿಯಾದ ಬರ್ನಾರ್ಡ್ ಇನ್ನೂ ಬಿಗಿ. 1125ರ ಹೊತ್ತಿಗೆ ಮಠದ ಕಂಬಗಳಲ್ಲಿ ಕೋತಿ, ಸಿಂಹ, ಅರ್ಧ ಮನುಷ್ಯ ಅರ್ಧ ಪ್ರಾಣಿ ಯಾಕೆ ಬೇಕು, ಪುಸ್ತಕ ಬಿಟ್ಟು ಕಲ್ಲು ಓದ್ಕೊಂಡು ಕೂರ್ತಾರೆ ಅಂತ ಬರೆದ್ರು. ಸಿಟೋದಿಂದ ಬೆಳೆದ ಸಿಸ್ಟರ್ಶಿಯನ್ ಪಂಗಡದ ನಿಯಮದಲ್ಲೂ ಒಂದೊಂದು ದೊಡ್ಡಕ್ಷರವೂ ಒಂದೇ ಬಣ್ಣದಲ್ಲಿರಬೇಕು, ಚಿತ್ರ ಇರಬಾರದು ಅಂತ ಬಂತು. ಬೇಲೂರಿನ ಸಾಲಾನೆ, ಮಕರ ನೋಡ್ಕೊಂಡು ಬೆಳೆದ ನಂಗೆ ಬರ್ನಾರ್ಡ್ ಮಾತು ಒಪ್ಪೋಕಾಗಲ್ಲ, ಆದ್ರೆ ಆ ಒಂದೇ ಬಣ್ಣದ ನೀಲಿ, ಕೆಂಪು ಅಕ್ಷರಗಳು ನಿಜವಾಗ್ಲೂ ಚೆಂದ. ಆದ್ರೂ ನನ್ನ ಮನಸ್ಸು ಸ್ಟೀಫನ್ ಕಡೆಗೇ.

ಅವರ ಬೈಬಲ್ ಈಗ ಡಿಜೋನ್ ಊರಿನ ಲೈಬ್ರರಿಲಿದೆ. ನಮ್ಮ ಜಿಲ್ಲೆಲಿ ಯಾರ ಮನೆ ಅಟ್ಟದಲ್ಲಾದ್ರೂ ತಾಳೆಗರಿ ಕಟ್ಟು ಇದ್ರೆ, ಓದೋಕೆ ಬರಲ್ಲ ಅಂತ ದಯವಿಟ್ಟು ಹೇಮಾವತಿಗೆ ಬಿಡಬೇಡಿ, ಶ್ರವಣಬೆಳಗೊಳದ ಪ್ರಾಕೃತ ಸಂಸ್ಥೆಗೋ ಮೈಸೂರಿನ ಓರಿಯೆಂಟಲ್ ರಿಸರ್ಚ್ ಇನ್ಸ್ಟಿಟ್ಯೂಟ್‌ಗೋ ಒಂದ್ಸಲ ತೋರಿಸಿ.