ಬ್ರೆಸನ್ ಅವರ ಚಿತ್ರಗಳಲ್ಲಿ ಕೈಗಳು

ಫ್ರಾನ್ಸಿನ ಚಲನಚಿತ್ರ ನಿರ್ದೇಶಕ ರಾಬರ್ಟ್ ಬ್ರೆಸನ್ ಅವರ ಚಿತ್ರವೊಂದನ್ನು ನಾನು ಮೊದಲು ನೋಡಿದ್ದು ಕಾಸರಗೋಡಿನಲ್ಲಿ ಕಾಲೇಜು ಓದುತ್ತಿದ್ದಾಗ, ಫಿಲಂ ಸೊಸೈಟಿಯೊಂದು ಏರ್ಪಡಿಸಿದ್ದ ಪ್ರದರ್ಶನದಲ್ಲಿ, ಮಲಯಾಳದ ಅಡಿಬರಹದೊಂದಿಗೆ. ಕಿವಿಗೆ ಫ್ರೆಂಚ್ ಮಾತು, ಕಣ್ಣಿಗೆ ಮಲಯಾಳದ ಅಕ್ಷರ, ಮನಸ್ಸಿನೊಳಗೆ ಅರ್ಥವಾಗುವುದು ಕನ್ನಡದಲ್ಲಿ. ಗಡಿನಾಡಿನಲ್ಲಿ ಓದಿದವರಿಗೆ ಇದೇನೂ ಹೊಸತಲ್ಲ. ಚಿತ್ರ 1959ರ ‘ಪಿಕ್‌ಪಾಕೆಟ್’. ಅಂದು ಅದು ನನಗೆ ಹಿಡಿಸಲಿಲ್ಲ. ಪಾತ್ರಗಳು ಮುಖದಲ್ಲಿ ಯಾವ ಭಾವವನ್ನೂ ತೋರದೆ, ದನಿಯನ್ನು ಏರಿಸದೆ ಇಳಿಸದೆ, ಪಾಠ ಒಪ್ಪಿಸಿದಂತೆ ಮಾತಾಡುತ್ತಿದ್ದವು. ಯಕ್ಷಗಾನ ಕವಿ ಪಾರ್ತಿಸುಬ್ಬನ ಕುಂಬಳೆ ಸೀಮೆಯಲ್ಲಿ, ಚೆಂಡೆಯ ಸದ್ದು ಕೇಳಿದರೆ ಗದ್ದೆ ದಾಟಿ ಆಟಕ್ಕೆ ಓಡುತ್ತಾ ಬೆಳೆದ ನನಗೆ, ವೇಷವಿಲ್ಲದ ತಾಳಮದ್ದಳೆಯಲ್ಲೂ ಒಂದು ಮಾತಿಗೆ ಹತ್ತು ಬಣ್ಣ ಹಚ್ಚಬಲ್ಲ ಅರ್ಥಧಾರಿಗಳನ್ನು ಕೇಳಿದ್ದ ನನಗೆ, ಇದು ಕಲೆಯ ಬಡತನವಾಗಿ ಕಂಡಿತು.

ಆದರೆ ಆ ಚಿತ್ರದ ಕೈಗಳು ಮಾತ್ರ ಮನಸ್ಸಿನಿಂದ ಹೋಗಲಿಲ್ಲ. ಪ್ಯಾರಿಸಿನ ಗಾರ್ ದ ಲಿಯೋಂ ರೈಲು ನಿಲ್ದಾಣದಲ್ಲಿ ಮೂವರು ಕಳ್ಳರು ಜೊತೆಗೂಡಿ ಕೆಲಸ ಮಾಡುವ ದೃಶ್ಯವೊಂದು ಅದರಲ್ಲಿದೆ. ಒಬ್ಬನ ಬೆರಳು ಕೋಟಿನ ಒಳಜೇಬಿನಿಂದ ಪರ್ಸನ್ನು ಮೇಲೆತ್ತುತ್ತದೆ, ಅದು ಎರಡನೆಯವನ ಅಂಗೈಗೆ ಜಾರುತ್ತದೆ, ಹಣ ತೆಗೆದ ಮೇಲೆ ಖಾಲಿ ಪರ್ಸು ಮತ್ತೆ ಯಜಮಾನನ ಜೇಬಿಗೇ ಇಳಿಯುತ್ತದೆ. ಈ ಕೈಚಳಕವನ್ನು ಕಲಿಸಿದವನು ಕಸಾಗಿ ಎಂಬ ಜಾದೂಗಾರ. ಚಿತ್ರದಲ್ಲಿ ಆತನೂ ಕಾಣಿಸಿಕೊಳ್ಳುತ್ತಾನೆ. ಕಳ್ಳತನ ನೋಡುತ್ತಿದ್ದೇನೆ ಎಂಬುದೇ ಮರೆತುಹೋಗುವಷ್ಟು ಚೆಲುವು ಆ ಕೈಗಳಿಗಿತ್ತು.

ಅದರ ಒಳಗುಟ್ಟು ನನಗೆ ತಿಳಿದದ್ದು ವರ್ಷಗಳ ಮೇಲೆ, ಮಳೆಗಾಲದ ಒಂದು ಸಂಜೆ, ನಮ್ಮ ಮನೆಯ ಚಾವಡಿಯಲ್ಲಿ ಅಮ್ಮ ಮತ್ತು ಚಿಕ್ಕಮ್ಮ ಚಾಲಿ ಅಡಿಕೆ ಸುಲಿಯುತ್ತಿದ್ದಾಗ. ಎಡಗೈ ರಾಶಿಯಿಂದ ಕಾಯಿ ಎತ್ತಿಕೊಳ್ಳುತ್ತದೆ, ಕತ್ತಿಯ ಅಲಗಿಗೆ ಒತ್ತಿದಾಗ ಒಂದು ಸಣ್ಣ ‘ಟಕ್’, ಸಿಪ್ಪೆ ಒಂದು ಕಡೆಗೆ, ಅಡಿಕೆ ಇನ್ನೊಂದು ಕಡೆಗೆ. ಬಾಯಿಯಲ್ಲಿ ಯಾರದೋ ಮದುವೆಯ ಸುದ್ದಿ ನಡೆಯುತ್ತಿರುತ್ತದೆ, ಕಣ್ಣು ಅಂಗಳದ ಮಳೆಯ ಮೇಲಿರುತ್ತದೆ, ಕೈ ತನ್ನಷ್ಟಕ್ಕೆ ಕೆಲಸ ಮಾಡುತ್ತಿರುತ್ತದೆ. ನಾನು ಮೊಬೈಲಿನಲ್ಲಿ ವೀಡಿಯೊ ತೆಗೆಯಲು ಹೋದೆ. ತಮ್ಮನ್ನು ನೋಡುತ್ತಿದ್ದಾರೆ ಎಂಬುದು ಗೊತ್ತಾದ ಕೂಡಲೇ ಚಿಕ್ಕಮ್ಮನ ಕೈ ತಡವರಿಸಿತು. “ನೀನು ಆಚೆ ಹೋಗು ಮಾರಾಯ, ಬೆರಳು ಕೊಯ್ದುಕೊಂಡೇನು” ಎಂದರು. ಬ್ರೆಸನ್ ನಾಲ್ಕು ದಶಕ ಹೋರಾಡಿದ್ದು ಈ ತಡವರಿಕೆಯೊಂದಿಗೆ ಎಂಬುದು ನನಗೆ ಆ ಕ್ಷಣದಲ್ಲಿ ಹೊಳೆಯಿತು.

ಅವರು ಹುಟ್ಟಿದ್ದು 1901ರಲ್ಲಿ, ಮಧ್ಯ ಫ್ರಾನ್ಸಿನ ಬ್ರೋಮೋಂ-ಲಾಮೋತ್ ಎಂಬ ಊರಿನಲ್ಲಿ. ಮೊದಲು ಚಿತ್ರಕಲಾವಿದರಾಗಿದ್ದರು, 1934ರಲ್ಲಿ ಒಂದು ಕಿರುಚಿತ್ರ ಮಾಡಿದರು. ಎರಡನೆಯ ಮಹಾಯುದ್ಧದಲ್ಲಿ ಜರ್ಮನರ ಕೈಗೆ ಸಿಕ್ಕಿ ಒಂದು ವರ್ಷಕ್ಕೂ ಹೆಚ್ಚು ಕಾಲ ಯುದ್ಧಕೈದಿಯಾಗಿದ್ದರು. ಬಿಡುಗಡೆಯಾಗಿ ಬಂದ ಮೇಲೆ, ದೇಶ ಇನ್ನೂ ನಾಜಿಗಳ ಹಿಡಿತದಲ್ಲಿದ್ದಾಗಲೇ, 1943ರಲ್ಲಿ ಅವರ ಮೊದಲ ಪೂರ್ಣ ಪ್ರಮಾಣದ ಚಿತ್ರ ತೆರೆಕಂಡಿತು. 1983ರ ತನಕದ ನಲವತ್ತು ವರ್ಷಗಳಲ್ಲಿ ಅವರು ಮಾಡಿದ್ದು ಒಟ್ಟು 13 ಚಿತ್ರಗಳು ಮಾತ್ರ. ಮೊದಲ ಎರಡರಲ್ಲಿ ವೃತ್ತಿನಟರಿದ್ದರು. 1951ರ ‘ಹಳ್ಳಿ ಪಾದ್ರಿಯ ದಿನಚರಿ’ಯಿಂದ ಅವರು ಪ್ರಸಿದ್ಧ ನಟರನ್ನು ಕೈಬಿಟ್ಟು, ಅಭಿನಯದ ಅಭ್ಯಾಸವಿಲ್ಲದವರನ್ನೇ ಹೆಚ್ಚು ಹೆಚ್ಚಾಗಿ ಆರಿಸತೊಡಗಿದರು. ಅಂಥವರನ್ನು ಅವರು ನಟರೆಂದು ಕರೆಯುತ್ತಿರಲಿಲ್ಲ, ‘ಮಾದರಿ’ಗಳೆಂದು ಕರೆಯುತ್ತಿದ್ದರು, ಚಿತ್ರಕಾರನ ಮುಂದೆ ಕುಳಿತ ವ್ಯಕ್ತಿಯನ್ನು ಕರೆಯುವ ಹಾಗೆ. ಒಂದೇ ಮಾತನ್ನು, ಒಂದೇ ಚಲನೆಯನ್ನು ಹತ್ತಾರು ಬಾರಿ ಮಾಡಿಸುತ್ತಿದ್ದರು. ಹೀಗೆ ಮಾಡಿ ಮಾಡಿ, ‘ನಾನು ದುಃಖ ತೋರಿಸುತ್ತಿದ್ದೇನೆ’ ಎಂಬ ಎಚ್ಚರ ಕರಗಿದ ಮೇಲೆ ಉಳಿಯುವುದೇನೋ ಅದನ್ನು ಮಾತ್ರ ಕ್ಯಾಮರಾ ಹಿಡಿಯಬೇಕು ಎಂಬುದು ಅವರ ಹಟ. 1975ರಲ್ಲಿ ಪ್ರಕಟವಾದ ಅವರ ಟಿಪ್ಪಣಿಗಳ ಪುಸ್ತಕದಲ್ಲಿ ಈ ವಿಚಾರ ಮತ್ತೆ ಮತ್ತೆ ಬರುತ್ತದೆ. ರಂಗಭೂಮಿಯ ಮೇಲೆ ಅವರಿಗೆ ತಿರಸ್ಕಾರವಿರಲಿಲ್ಲ ಎಂದೇ ನಾನು ನಂಬಿದ್ದೇನೆ. ಆಟದ ರಂಗಸ್ಥಳದಲ್ಲಿ ಬಣ್ಣದ ವೇಷ ದೂರದ ಪ್ರೇಕ್ಷಕನಿಗೂ ಕಾಣಬೇಕು, ಆದ್ದರಿಂದ ಎಲ್ಲವೂ ದೊಡ್ಡದಾಗಿಯೇ ಇರಬೇಕು; ಮುಖದ ಹತ್ತಿರಕ್ಕೆ ಬರುವ ಕ್ಯಾಮರಾದ ಮುಂದೆ ಅದೇ ಸುಳ್ಳಾಗಿ ಕಾಣುತ್ತದೆ.

ಅವರ ಚಿತ್ರಗಳಲ್ಲಿ ನಾನು ಅತಿ ಹೆಚ್ಚು ಬಾರಿ ನೋಡಿರುವುದು ಸೆರೆಮನೆಯಿಂದ ಪಾರಾದ ಕೈದಿಯ ಕಥೆಯಾದ ‘ಎ ಮ್ಯಾನ್ ಎಸ್ಕೇಪ್ಡ್’ ಅನ್ನು. ಅದು ತೆರೆಕಂಡದ್ದು 1956ರಲ್ಲಿ, ನಮ್ಮ ಕಾಸರಗೋಡು ಕೇರಳಕ್ಕೆ ಸೇರಿದ ವರ್ಷದಲ್ಲಿ. ಲಿಯೋಂ ನಗರದ ಮೋಂಲ್ಯುಕ್ ಜೈಲಿನಿಂದ 1943ರಲ್ಲಿ ನಿಜವಾಗಿಯೇ ತಪ್ಪಿಸಿಕೊಂಡ ಆಂದ್ರೆ ದೆವಿನ್ಯಿ ಅವರ ಅನುಭವವೇ ಅದರ ಮೂಲ. ಚಿತ್ರದ ಹೆಸರೇ ಕೈದಿ ಪಾರಾಗುತ್ತಾನೆಂದು ಹೇಳಿಬಿಡುತ್ತದೆ, ಆದ್ದರಿಂದ ಮುಂದೇನಾಗುತ್ತದೆ ಎಂಬ ಕುತೂಹಲಕ್ಕೆ ಜಾಗವೇ ಇಲ್ಲ. ಹೇಗೆ ಎಂಬುದಷ್ಟೇ ಉಳಿಯುತ್ತದೆ. ಕೈದಿ ಒಂದು ಕಬ್ಬಿಣದ ಚಮಚದ ಹಿಡಿಯನ್ನು ನೆಲಕ್ಕೆ ಉಜ್ಜಿ ಉಳಿಯಂತೆ ಮಾಡಿಕೊಳ್ಳುತ್ತಾನೆ. ಬಾಗಿಲಿನ ಹಲಗೆಗಳು ಗಟ್ಟಿ ಓಕ್ ಮರದವು, ಆದರೆ ಅವುಗಳನ್ನು ಜೋಡಿಸಿದ ಪಟ್ಟಿ ಮೆದು ಮರದ್ದು. ಅಲ್ಲಿಯೇ ದಿನಗಟ್ಟಲೆ ಕೆರೆಯುತ್ತಾನೆ, ಉದುರಿದ ಚೂರುಗಳನ್ನು ಗುಡಿಸಿ ಎತ್ತುತ್ತಾನೆ. ಮಂಚದ ತಂತಿಯನ್ನೂ ಬಟ್ಟೆಯನ್ನೂ ಸೇರಿಸಿ ಹಗ್ಗ ಹೊಸೆಯುತ್ತಾನೆ. ಆ ಪಾತ್ರವನ್ನು ಮಾಡಿದ ಫ್ರಾಂಸ್ವಾ ಲೆತೆರಿಯೆ ತತ್ತ್ವಶಾಸ್ತ್ರದ ವಿದ್ಯಾರ್ಥಿಯಾಗಿದ್ದರು. ಅವರ ಮುಖಕ್ಕಿಂತ ಬೆರಳುಗಳ ಸಹನೆಯೇ ನಮಗೆ ಪರಿಚಿತವಾಗುತ್ತದೆ. ಕೊನೆಯಲ್ಲಿ, ಜಲ್ಲಿಕಲ್ಲು ಹಾಸಿದ ಮಾಡಿನ ಮೇಲೆ ಹೆಜ್ಜೆಯ ಸದ್ದು ಕೇಳಬಾರದೆಂದು, ರೈಲು ಹಾದುಹೋಗುವಾಗ ಮಾತ್ರ ಕೈದಿಗಳು ಮುಂದೆ ಸರಿಯುತ್ತಾರೆ. ಆ ರೈಲನ್ನು ಬ್ರೆಸನ್ ನಮಗೆ ತೋರಿಸುವುದಿಲ್ಲ. ಎಂಜಿನ್ನಿನ ಒಂದು ಶಿಳ್ಳೆ ಕೇಳಿದರೆ ಸಾಕು, ಇಡೀ ನಿಲ್ದಾಣ ಮನಸ್ಸಿನಲ್ಲಿ ಮೂಡುತ್ತದೆ ಎಂಬ ಅರ್ಥದ ಮಾತು ಅವರ ಟಿಪ್ಪಣಿಗಳಲ್ಲಿದೆ. ಕುಂಬಳೆ ನಿಲ್ದಾಣ ಕಣ್ಣಿಗೆ ಕಾಣದಷ್ಟು ದೂರದಲ್ಲಿದ್ದು, ರಾತ್ರಿಯ ಶಿಳ್ಳೆಯಿಂದಲೇ ಗಂಟೆ ಎಷ್ಟಾಯಿತೆಂದು ಹೇಳುತ್ತಿದ್ದ ನನ್ನ ಅಜ್ಜನಿಗೆ ಈ ಮಾತನ್ನು ಯಾರೂ ವಿವರಿಸಿ ಹೇಳಬೇಕಾಗಿರಲಿಲ್ಲ. ಈ ಚಿತ್ರಕ್ಕಾಗಿ 1957ರ ಕಾನ್ ಚಲನಚಿತ್ರೋತ್ಸವದಲ್ಲಿ ಬ್ರೆಸನ್ ಅವರಿಗೆ ಅತ್ಯುತ್ತಮ ನಿರ್ದೇಶಕ ಪ್ರಶಸ್ತಿ ಬಂತು.

1966ರ ‘ಓ ಅಜಾರ್ ಬಾಲ್ತಜಾರ್’ ಒಂದು ಕತ್ತೆಯ ಬದುಕು. ಮಕ್ಕಳು ಅದಕ್ಕೆ ಹೆಸರಿಡುತ್ತಾರೆ, ಮುದ್ದಿಸುತ್ತಾರೆ. ಮತ್ತೆ ಅದು ಕೈಯಿಂದ ಕೈಗೆ ಹೋಗುತ್ತಾ ದುಡಿಯುತ್ತದೆ, ಪೆಟ್ಟು ತಿನ್ನುತ್ತದೆ. ಇಲ್ಲಿಯೂ ಅವರು ಪಳಗಿಸಿದ ಕತ್ತೆ ಬೇಡವೆಂದರು; ಸರ್ಕಸ್ಸಿನ ದೃಶ್ಯಕ್ಕಾಗಿ ಮಾತ್ರ ಪಳಗಿಸಬೇಕಾಯಿತು. ಕೊನೆಗೆ ಕಳ್ಳಸಾಗಣೆಯವರು ಬೆನ್ನಿಗೆ ಮಾಲು ಹೇರಿ ಗಡಿಯ ಗುಡ್ಡಕ್ಕೆ ಅಟ್ಟುತ್ತಾರೆ, ಗುಂಡು ತಗಲುತ್ತದೆ. ಬೆಳಗಿನಲ್ಲಿ ಕುರಿಮಂದೆ ಬಂದು ಸುತ್ತುವರಿಯುತ್ತದೆ, ಕುರಿಗಳ ಕೊರಳ ಗಂಟೆಯ ನಡುವೆ ಶೂಬರ್ಟ್‌ನ ಪಿಯಾನೊ ಕೇಳಿಸುತ್ತದೆ, ಕತ್ತೆ ಕಾಲು ಮಡಚಿ ಕೂತು ಅಲ್ಲೇ ಪ್ರಾಣ ಬಿಡುತ್ತದೆ. ಒಂದು ಸಲ ಈ ಭಾಗವನ್ನು ನಾನು ಲ್ಯಾಪ್‌ಟಾಪಿನಲ್ಲಿ ನೋಡುತ್ತಿದ್ದಾಗ ಅಮ್ಮ ಹಿಂದೆ ಬಂದು ನಿಂತಿದ್ದರು. ಭಾಷೆಯೂ ಕಥೆಯೂ ಅವರಿಗೆ ಗೊತ್ತಿರಲಿಲ್ಲ. ಸ್ವಲ್ಪ ಹೊತ್ತು ನೋಡಿ, “ನಮ್ಮ ಗೌರಿ ಹೋದದ್ದೂ ಹೀಗೆಯೇ ಅಲ್ಲವಾ ಮಗಾ, ಕೂತಲ್ಲೇ” ಎಂದು ಹಟ್ಟಿಯ ಕಡೆ ಹೋದರು. ನಾನು ಓದಿದ ಯಾವ ವಿಮರ್ಶೆಯೂ ಆ ಚಿತ್ರದ ಬಗ್ಗೆ ಇಷ್ಟು ಸರಿಯಾಗಿ ಹೇಳಿಲ್ಲ.

ಬ್ರೆಸನ್ ಅವರ ದಾರಿ ಭಾರತಕ್ಕೂ ಬಂದಿದೆ. ನಿರ್ದೇಶಕ ಕುಮಾರ್ ಶಹಾನಿ ಫ್ರಾನ್ಸಿನಲ್ಲಿ ಓದುತ್ತಿದ್ದಾಗ ಬ್ರೆಸನ್ ಅವರ ಮೊದಲ ವರ್ಣಚಿತ್ರಕ್ಕೆ, 1969ರಲ್ಲಿ ಬಂದ ‘ಯೂನ್ ಫಾಮ್ ದೂಸ್’ಗೆ, ಸಹಾಯಕರಾಗಿ ದುಡಿದಿದ್ದರು. ಇನ್ನೊಬ್ಬ ನಿರ್ದೇಶಕ ಮಣಿ ಕೌಲ್ ಅವರ ಹಿಂದಿ ಚಿತ್ರ ‘ಉಸ್ಕಿ ರೋಟಿ’ಯಲ್ಲಿ ಬುತ್ತಿ ಹಿಡಿದು ಬಸ್ಸಿಗಾಗಿ ಕಾಯುವ ಹೆಂಗಸಿನ ನಿಶ್ಚಲತೆಯಲ್ಲಿ, ಹಿಟ್ಟು ನಾದುವ ಕೈಗಳಲ್ಲಿ, ಈ ನಂಟು ಕಣ್ಣಿಗೆ ಕಾಣುತ್ತದೆ.

ಕೊನೆಯ ಚಿತ್ರ ‘ಲಾರ್ಜಾಂ’, ಎಂದರೆ ‘ಹಣ’. ಟಾಲ್‌ಸ್ಟಾಯ್ ಅವರ ಕಥೆಯೊಂದರಿಂದ ಬೆಳೆದದ್ದು. ಒಂದು ಖೋಟಾ ನೋಟು ಕೈ ಬದಲಾಯಿಸುತ್ತಾ ಹೋಗಿ ನಿರಪರಾಧಿ ಕೆಲಸಗಾರನೊಬ್ಬನನ್ನು ಜೈಲಿಗೆ, ಅಲ್ಲಿಂದ ಕೊಲೆಗೆ ತಳ್ಳುತ್ತದೆ. 1983ರ ಕಾನ್ ಉತ್ಸವದಲ್ಲಿ ಬ್ರೆಸನ್ ಮತ್ತು ರಷ್ಯಾದ ನಿರ್ದೇಶಕ ತಾರ್ಕೋವ್‌ಸ್ಕಿ ಇಬ್ಬರಿಗೂ ಸೇರಿ ಪ್ರಶಸ್ತಿ ಸಿಕ್ಕಿತು. ಬ್ರೆಸನ್ ವೇದಿಕೆಗೆ ಬಂದಾಗ ಸಭೆಯಲ್ಲಿ ಕೆಲವರು ಕೂಗಾಡಿದರು. ಆಗ ಅವರಿಗೆ 81 ವರ್ಷ. ಬೈಬಲಿನ ಸೃಷ್ಟಿಕಥೆಯನ್ನು ಚಿತ್ರ ಮಾಡಬೇಕೆಂಬ ಅವರ ಬಹುಕಾಲದ ಆಸೆ ಕೈಗೂಡಲೇ ಇಲ್ಲ. 1999ರ ಡಿಸೆಂಬರಿನಲ್ಲಿ, 98ನೆಯ ವಯಸ್ಸಿನಲ್ಲಿ ತೀರಿಕೊಂಡರು.

‘ಲಾರ್ಜಾಂ’ ಚಿತ್ರದ ಕೊನೆಯ ಭಾಗದಲ್ಲಿ, ಎಲ್ಲವನ್ನೂ ಕಳೆದುಕೊಂಡ ಆ ಕೆಲಸಗಾರನಿಗೆ ನರೆತ ಕೂದಲಿನ ಹೆಂಗಸೊಬ್ಬಳು ಆಶ್ರಯ ಕೊಡುತ್ತಾಳೆ. ತೋಟದಲ್ಲಿ ಅವಳು ಒಗೆದ ಬಟ್ಟೆ ಒಣಹಾಕುತ್ತಿದ್ದಾಗ ಅವನು ಗಿಡದಿಂದ ಹೇಜಲ್ ಕಾಯಿಗಳನ್ನು ಕಿತ್ತು ಅವಳ ಅಂಗೈಗೆ ಹಾಕುತ್ತಾನೆ, ಇಬ್ಬರೂ ತಿನ್ನುತ್ತಾರೆ. ಆಮೇಲೆ ಒಂದು ರಾತ್ರಿ ಅದೇ ಕೈ ಕೊಡಲಿ ಹಿಡಿದು ಅವಳನ್ನೂ ಆ ಮನೆಯವರನ್ನೂ ಕೊಲ್ಲುತ್ತದೆ. ಅಲ್ಲಿಂದ ಅವನು ಒಂದು ಹೋಟೆಲಿಗೆ ನಡೆದು, ಪೊಲೀಸರ ಮುಂದೆ ನಿಂತು ತಪ್ಪೊಪ್ಪಿಕೊಳ್ಳುತ್ತಾನೆ. ಅವನನ್ನು ಕರೆದುಕೊಂಡು ಹೋಗುವಾಗ ಹೊರಗೆ ಸೇರಿದ ಜನ ಅವನ ಕಡೆ ತಿರುಗುವುದೇ ಇಲ್ಲ. ಅವನು ಹೊರಟುಬಂದ ಆ ಬಾಗಿಲಿನ ಒಳಗೆ, ಇನ್ನು ಯಾರೂ ಬರಲಿಕ್ಕಿಲ್ಲದ ಕಡೆಗೆ, ನೋಡುತ್ತಲೇ ನಿಂತಿರುತ್ತಾರೆ.